ಬಾಯ್ಗಲ್ಲಿನ ಸರದಿ

"ಇವತ್ತು ಸಂಜೆ ಆರು ಗಂಟೆಗೆ ನಾನೊಂದು ನಿಜ ಹೇಳಬೇಕು. ನನ್ನ ಹತ್ತಿರ ಇರುವ ನಿಜಗಳೆಲ್ಲ ಡೈರಿಗೆ ಆಗುವಂಥವು, ಮೈಕಿಗಲ್ಲ."

ಬೆಳಗ್ಗೆ ಕಾಫಿಗೂ ಮುಂಚೆ ಇಷ್ಟು ಬರೆದು ಕೃತಿಕಾ ಪೆನ್ನಿನ ಕ್ಯಾಪು ಕಚ್ಚಿದಳು. ಬಿ.ಎ. ಮುಗಿಸಿ ಎರಡು ವರ್ಷವಾಗಿತ್ತು. ಕಡೂರಿನ ಕಾಲೇಜಿನಲ್ಲಿ ಹಾಜರಿ ಕೂಗಿದಾಗಲೂ ಬರೀ ಕೈ ಎತ್ತಿಯೇ ಪಾಸಾದವಳು ಅವಳು.

ಅಜ್ಜಂಪುರದ ರಸ್ತೆಯಲ್ಲಿರುವ ಅವಳ ಊರಿನಲ್ಲಿ ಬಾಯ್ಗಲ್ಲಿನ ಮಠವಿದೆ. ಸತ್ಯ ಇರುವುದು ಪುಸ್ತಕದಲ್ಲಲ್ಲ, ಕಲ್ಲಿನಲ್ಲಿ ಎಂಬುದು ಆ ಪಂಥದವರ ನಂಬಿಕೆ. ಮೂಲಗುರುಗಳು ಹೆಬ್ಬೆ ಹಳ್ಳದಲ್ಲಿ ಸಿಕ್ಕ ಕರೀ ಗುಂಡುಕಲ್ಲೊಂದನ್ನು ನಾಲಿಗೆಯ ಕೆಳಗಿಟ್ಟುಕೊಂಡು ಹನ್ನೆರಡು ವರ್ಷ ಮಾತೇ ಆಡಲಿಲ್ಲವಂತೆ. ಹದಿಮೂರನೇ ವರ್ಷ ಆಡಿದ್ದೆಲ್ಲ ನಿಜವಾಯಿತಂತೆ. ಅದಕ್ಕೇ ವರ್ಷಕ್ಕೊಂದು ದಿನ, ಮನೆಮನೆ ಸರದಿಯ ಮೇಲೆ, ಒಬ್ಬರು ಆ ಕಲ್ಲನ್ನು ಬಾಯಲ್ಲಿಟ್ಟುಕೊಂಡು ಉಪವಾಸವಿರಬೇಕು. ಸಂಜೆ ಅದನ್ನು ಹಿತ್ತಾಳೆ ತಟ್ಟೆಗೆ ಹಾಕಿ, ಊರ ಮುಂದೆ ಒಂದೇ ಒಂದು ನಿಜ ಹೇಳಬೇಕು. ಅದನ್ನು ಮಠದ ಗೋಡೆಯ ಮೇಲೆ ಬರೆಸುತ್ತಾರೆ. ಈ ವರ್ಷದ ಸರದಿ ಕೃತಿಕಾಳದು.

ಬರೆಸಿದ್ದು ಸುಳ್ಳಾಗಬಾರದಲ್ಲ, ಜನ ಬಲು ಹುಷಾರು. ಗೋಡೆ ತುಂಬ 'ಬೆಂಕಿ ಸುಡುತ್ತದೆ', 'ತೆಂಗಿನಮರ ಎತ್ತರ', 'ಸೋಮವಾರ ಆದಮೇಲೆ ಮಂಗಳವಾರ' ಇಂಥವೇ. ಜಯದೇವಪ್ಪ ಮಾತ್ರ ಧೈರ್ಯ ಮಾಡಿ 'ನಮ್ಮೂರಿಗೆ ಎರಡು ಬಸ್ಸು' ಎಂದಿದ್ದ. ಮಾರನೇ ವರ್ಷ ಒಂದು ಬಸ್ಸು ನಿಂತುಹೋಗಿ ಆ ಸತ್ಯಕ್ಕೆ ಸುಣ್ಣ ಬಳಿಯಬೇಕಾಯಿತು.

"ಉಪ್ಪು ಉಪ್ಪಗಿರ್ತದೆ ಅಂದ್ಬಿಟ್ಟು ಇಳಿದು ಬಾರೇ," ಎಂದರು ಅಮ್ಮ ದಾಕ್ಷಾಯಣಮ್ಮ. "ಇದೊಂದು ಸಲ ಮನೆ ಮರ್ಯಾದೆ ಉಳಿಸು. ಆಮೇಲೆ ಯಾವ ಫಂಕ್ಷನ್ನಲ್ಲೂ ಬಾಯಿ ಬಿಡು ಅಂತ ನಾನು ನಿನ್ನ ಕೇಳಲ್ಲ."

ಈ ಮಾತಿಗೇ ಕೃತಿಕಾ ಒಪ್ಪಿದ್ದು. ಏಳು ಗಂಟೆಗೆ ಮಠದ ರುದ್ರಮೂರ್ತಿ ಅಯ್ಯನೋರು ಬಂದು, ಕೊರೊನಾ ಆದಾಗಿನಿಂದ ನಡೆದುಬಂದ ಪದ್ಧತಿಯಂತೆ ಕಲ್ಲನ್ನು ಬಿಸಿನೀರಲ್ಲಿ ಕುದಿಸಿ ಅವಳ ನಾಲಿಗೆಯ ಕೆಳಗಿಟ್ಟರು. ಕೈಯಲ್ಲಿ ಡೈರಿ, ಬಾಯಲ್ಲಿ ಕಲ್ಲು. ಯಾರೂ ಮಾತಾಡಿಸುವಂತಿಲ್ಲ. ಹುಟ್ಟಿದಾಗಿನಿಂದ ಇಷ್ಟು ಸುಖದ ಬೆಳಗನ್ನು ಅವಳು ಕಂಡಿರಲಿಲ್ಲ.

ಹತ್ತು ಗಂಟೆಯ ಹೊತ್ತಿಗೆ ಹಸಿವು ಶುರುವಾಯಿತು. ಸಂಜೆ ಹಂಚುವುದಕ್ಕೆಂದು ಪಕ್ಕದ ಮನೆಯ ಹಾಲಮ್ಮ ಇವರ ಅಡುಗೆಮನೆಯಲ್ಲೇ ಕೋಡುಬಳೆ ಕರಿಯುತ್ತಿದ್ದಳು. ಆಕೆ ನೀರಿಗೆಂದು ಹಿತ್ತಲಿಗೆ ಹೋದದ್ದೇ ತಡ, ಕೃತಿಕಾಳ ಕೈ ಅವಳನ್ನು ಕೇಳದೆಯೇ ಬುಟ್ಟಿಗೆ ಹೋಯಿತು.

"ಏನವ್ವ ಕೃತಿಕಾ!" ಬೆನ್ನ ಹಿಂದೆ ಹಾಲಮ್ಮ.

ಗುಳುಕ್. ಕೋಡುಬಳೆ ಹೋಯಿತು. ಅದರ ಜೊತೆಗೆ ಮೂಲಗುರುಗಳ ಕಲ್ಲೂ ಹೋಯಿತು.

"ಯಾಕವ್ವಾ ಕಣ್ಣು ಕೋಳಿಮೊಟ್ಟೆ ಥರ ಬಿಟ್ಕೊಂಡಿದ್ದೀಯ?" ಎಂದವಳೇ ಹಾಲಮ್ಮ ತಾನೇ ಉತ್ತರ ಹುಡುಕಿಕೊಂಡು ಬೀದಿಗೆ ಓಡಿದಳು. "ದಾಕ್ಷಾಯಣಮ್ಮಾ, ಬನ್ರೀ! ನಿಮ್ಮ ಮಗಳ ಮೈಮೇಲೆ ಕಲ್ಲು ಬಂದ್ಬಿಡ್ತು!"

ಊರು ಬರುವಷ್ಟರಲ್ಲಿ ಕೃತಿಕಾ ಅಳಗುಳಿಮಣೆಯ ಡಬ್ಬದಿಂದ ಒಂದು ಹುಣಸೆಬೀಜ ತೆಗೆದು ಬಾಯಿಗೆ ಹಾಕಿಕೊಂಡಿದ್ದಳು. ಎರಡನೆಯದನ್ನೂ ನುಂಗಿಬಿಟ್ಟೇನೆಂಬ ಭಯಕ್ಕೆ ಕತ್ತನ್ನೂ ಅಲ್ಲಾಡಿಸದೆ, ಮೈಲಿಗಲ್ಲಿನಂತೆ ಕೂತಳು. ಜನ ಅದನ್ನು ಧ್ಯಾನವೆಂದರು.

"ನನ್ನ ಮೊಬೈಲು ಎಲ್ಲಿ ಬಿತ್ತು ಹೇಳವ್ವಾ," ಎಂದ ಜಯದೇವಪ್ಪ.

ಅವಳು ಡೈರಿಯಲ್ಲಿ 'ಗೊತ್ತಿಲ್ಲ' ಎಂದು ಬರೆದು ತೋರಿಸಿದಳು.

"ನೋಡ್ರಪ್ಪಾ! ಇಷ್ಟು ನೇರವಾಗಿ ಯಾರು ಹೇಳ್ತಾರೆ? ಹೋದ ವಾರ ತರೀಕೆರೆ ಜೋಯಿಸರು ಈ ಮಾತಿಗೆ ಐದು ದಿಕ್ಕು ತೋರ್ಸಿದ್ರು!"

ಅಲ್ಲಿಂದ ಸಾಲು ನಿಂತಿತು. ಕೃತಿಕಾ ಹನ್ನೊಂದು ಹಾಳೆಗಳಲ್ಲಿ 'ಗೊತ್ತಿಲ್ಲ' ಬರೆದಳು. ಹಾಲಮ್ಮ ತನ್ನ ಹಾಳೆಯನ್ನು ಹರಿದುಕೊಂಡು ತಾಳಿಯ ಪಕ್ಕ ಪಿನ್ನು ಹಾಕಿಕೊಂಡಳು. ಹೊಟ್ಟೆಯೊಳಗೆ ಕಲ್ಲು ಎಲ್ಲಿಯವರೆಗೆ ಬಂದಿರಬಹುದೆಂದು ಕೃತಿಕಾ ಯೋಚಿಸುತ್ತಿದ್ದರೆ, ಬಾಯಲ್ಲಿ ಬೇರೆಯೇ ಅನಾಹುತ ನಡೆದಿತ್ತು. ಹುಣಸೆಬೀಜ ನೆನೆದು ಸಿಪ್ಪೆ ಬಿಟ್ಟಿತು. ನಾಲ್ಕು ಗಂಟೆಗೆ ಹೋಳಾಗಿ ಎರಡಾಯಿತು.

ಬೆಳಗ್ಗೆ ಒಂದು ಕರೀ ಕಲ್ಲು ತಗೊಂಡವಳು ಸಂಜೆ ಎರಡು ಬಿಳೀ ಚೂರು ಹೇಗೆ ಕೊಡುವುದು?

ಆರು ಗಂಟೆಗೆ ಮಠದ ಕಟ್ಟೆ ತುಂಬಿತ್ತು. ಗೋಡೆಯ ಹತ್ತಿರ ಬಣ್ಣದ ಡಬ್ಬ ಹಿಡಿದು ಪೇಂಟರ್ ಸುರೇಶ್ ನಿಂತಿದ್ದ. ಅಯ್ಯನೋರು ತಟ್ಟೆ ಒಡ್ಡಿದರು. ಕೃತಿಕಾ ಬಾಯಿ ಬಿಡಲಿಲ್ಲ. ಡೈರಿಯಲ್ಲಿ ಎರಡು ಸಾಲು ಗೀಚಿ ಅವರ ಮುಂದೆ ಹಿಡಿದಳು.

ಅಯ್ಯನೋರು ಕನ್ನಡಕ ಏರಿಸಿ, ಮೈಕನ್ನು ಹತ್ತಿರ ಎಳೆದುಕೊಂಡು ಓದಿದರು: "ನಾನು ಕಲ್ಲನ್ನು ಕೋಡುಬಳೆ ಜೊತೆ ನುಂಗಿದ್ದೇನೆ. ದಯವಿಟ್ಟು ಯಾರಿಗೂ ಹೇಳಬೇಡಿ."

ಕೃತಿಕಾ ಹುಣಸೆಬೀಜದ ಎರಡು ಹೋಳನ್ನೂ ನುಂಗಿಬಿಟ್ಟಳು.

ಅಯ್ಯನೋರು ಒಳಗೆ ಹೋಗಿ ಒಂದು ಗಾಜಿನ ಬಾಟಲಿ ತಂದರು. "ಅಸಲಿ ಕಲ್ಲು ನಮ್ಮ ಪೆಟ್ಟಿಗೇಲೇ ಇದೆ ಕಣ್ರಪ್ಪ. ಮೂವತ್ತು ವರ್ಷದಿಂದ ನಾನು ಕೊಡ್ತಿರೋದು ಅಂಟುವಾಳದ ಬೀಜ. ಕೊಟ್ಟಿದ್ದು ಒಂದೂ ವಾಪಸ್ ಬಂದಿಲ್ಲ!" ಬಾಟಲಿ ಅಲ್ಲಾಡಿಸಿದರು. "ಇದು ಜಯದೇವಪ್ಪ ತಂದ್ಕೊಟ್ಟ ಸಪೋಟ ಬೀಜ. ಇದು ಹಾಲಮ್ಮಂದು, ಅರ್ಧ ಅಡಿಕೆ. ಇದು ದಾಕ್ಷಾಯಣಮ್ಮಂದು, ರವಿಕೆ ಗುಂಡಿ."

ದಾಕ್ಷಾಯಣಮ್ಮ ಸೆರಗು ಸರಿಮಾಡಿಕೊಂಡು ತೆಂಗಿನಮರ ನಿಜವಾಗಿಯೂ ಎತ್ತರವೇ ಎಂದು ನೋಡತೊಡಗಿದರು.

"ನುಂಗಿದೋರು ಎಲ್ಲರೂ. ಒಪ್ಪಿಕೊಂಡೋಳು ಇವಳೊಬ್ಬಳೇ. ಅಂಥೋರು ಸಿಕ್ಕ ದಿನ ಗದ್ದುಗೆ ಬಿಟ್ಟುಕೊಡು ಅಂತ ನಮ್ಮ ಗುರುಗಳ ಅಪ್ಪಣೆ. ಇನ್ಮೇಲೆ ಸೋಮವಾರ ಸೋಮವಾರ ಪ್ರವಚನ ಕೃತಿಕಮ್ಮಂದು. ಮುಂದಿನ ವಾರ ತರೀಕೆರೆ, ಅದರಾಚೆ ವಾರ ಕಡೂರು."

ಚಪ್ಪಾಳೆಗೆ ಪಾರಿವಾಳಗಳು ಹಾರಿಹೋದವು. ಕೃತಿಕಾ ಅಮ್ಮನ ಕಡೆ ನೋಡಿದಳು.

"ನಾನು ಕೇಳಲ್ಲ ಅಂದಿದ್ದೆ ಕಣೇ," ಎಂದರು ಅಮ್ಮ ಕಣ್ಣೊರೆಸಿಕೊಳ್ಳುತ್ತ. "ಅಯ್ಯನೋರೇ ಕೇಳಿದ್ರೆ ನಾನೇನು ಮಾಡ್ಲಿ?"

ಮೈಕು ಅವಳ ಬಾಯಿಗೆ ಬಂತು. ಒಳಗೆ ಕಲ್ಲೂ ಇಲ್ಲ, ಬೀಜವೂ ಇಲ್ಲ. ಅಡ್ಡ ಇಟ್ಟುಕೊಳ್ಳಲು ಏನೂ ಉಳಿದಿರಲಿಲ್ಲ. ಸುರೇಶ್ ಬ್ರಷ್ಷು ಬಣ್ಣಕ್ಕೆ ಅದ್ದಿ ಗೋಡೆಗೆ ತಿರುಗಿದ.

ಆಗ ಕೃತಿಕಾ, ಕೆರೆಯಾಚೆಗೂ ಕೇಳುವಂತೆ, ಜನ್ಮದಲ್ಲಿ ಮೊದಲ ಸಲ ಗಟ್ಟಿಯಾಗಿ ಹೇಳಿದಳು: "ನಿಮ್ಮನ್ನೆಲ್ಲ ನೋಡಿದ್ರೆ ನಂಗೆ ಹೆದ್ರಿಕೆ ಆಗ್ತದೆ ಕಣ್ರೀ!"