ಗೋಡೆಯ ಮೇಲಿನ ಭಜನೆ

ಸಂಗೀತವನ್ನು ಕಿವಿಗೆ ಮಾತ್ರ ಕೊಟ್ಟು ಕಣ್ಣಿಗೆ ಕೊಡದಿರುವುದು ಸೃಷ್ಟಿಕರ್ತನ ದೊಡ್ಡ ಕರುಣೆ ಎಂಬ ನಿರ್ಧಾರಕ್ಕೆ, ಸಾಕಷ್ಟು ದಣಿದ ಮೇಲೆ, ಬಂದಿದ್ದೇನೆ. ಬೇಸೂರು ಹಾಡಿದರೂ ಅದು ಗಾಳಿಯಲ್ಲಿ ಕರಗುತ್ತದೆ, ಸಾಕ್ಷಿ ಉಳಿಯುವುದಿಲ್ಲ. ಕಂಪ್ಲಿಯ ನಮ್ಮ ಸೋಮವಾರದ ಭಜನೆ ನಿಂತಿದ್ದು ಈ ಭದ್ರ ವ್ಯವಸ್ಥೆಯ ಮೇಲೆ. ಅಕ್ಕಿ ಗಿರಣಿಯ ಖಾಲಿ ಗೋದಾಮಿನಲ್ಲಿ ಸೇರುವ ಆ ಮಂಡಳಿಗೆ ನಾನೇ ಅಧ್ಯಕ್ಷ; ಬೇರೆ ಯಾರೂ ಒಪ್ಪಲಿಲ್ಲ.

ಹೀಗಿರುವಾಗ ಸಂಡೂರಿನಿಂದ ತಮ್ಮನ ಮಗಳು ಶಿಲ್ಪಾ ಬಂದಳು. ಅನಿಮೇಷನ್ ಕಲಿತವಳು. ಸ್ವರ ಏರಿಳಿದಂತೆ ಬಣ್ಣ, ಗೆರೆ, ಚುಕ್ಕಿಗಳು ತಾವೇ ಕುಣಿಯುವ ಚಿತ್ರ ಅವಳ ಕಸುಬು. ಪ್ರೊಜೆಕ್ಟರ್ ಹಚ್ಚಿ ಗೋದಾಮಿನ ಸುಣ್ಣದ ಗೋಡೆಗೆ ನಮ್ಮ ಭಜನೆಯನ್ನು ಬಿಟ್ಟಳು. ಬಸಣ್ಣನ ತಬಲಾಕ್ಕೆ ಕೆಂಪು ಚುಕ್ಕಿಗಳು ಸಿಡಿದವು. ಕೊಟ್ರಪ್ಪನ ದನಿಗೆ ಹಳದಿ ಬಳ್ಳಿ ಹಬ್ಬಿತು.

"ಇದರಾಗ ದೇವರು ಎಲ್ಲಿ ಅದಾನವ್ವಾ?" ಎಂದ ಕೊಟ್ರಪ್ಪ.

"ದೇವರೂ ಇಲ್ಲ, ಗಿಡಾನೂ ಇಲ್ಲ ಕಾಕಾ. ಬರೇ ನಿಮ್ಮ ದನಿ ನೋಡ್ರಿ."

ನೋಡಿದರು. ಭಜನೆ ಅಲ್ಲಿಗೆ ಮುಗಿಯಿತು. ಬಳ್ಳಿ ಉದ್ದವಾಗಲೆಂದು ಕೊಟ್ರಪ್ಪ ಒಂದೇ ಅಕ್ಷರವನ್ನು ಎಳೆಯತೊಡಗಿದ. ಅರ್ಧ ಕರೆಸಿಕೊಂಡ ಶಿವ ಉಳಿದರ್ಧಕ್ಕಾಗಿ ಕಾಯಬೇಕಾಯಿತು. ಬಸಣ್ಣ ತಾಳ ಬಿಟ್ಟು ಚುಕ್ಕಿಗಾಗಿ ಬಡಿದ.

"ನನ್ನ ಹಳದಿ ಒಳಗ ನಿನ್ನ ಚುಕ್ಕಿ ಯಾಕ ನುಗ್ಗಸ್ತೀಯಲೇ?"

"ಯಾಕ, ಅದೇನು ನಿಮ್ಮಪ್ಪನ ಗದ್ದಿ ಏನಲೇ? ಒತ್ತುವರಿ ಅಂತ ಕೇಸ್ ಹಾಕು, ಹೋಗು!"

ಬಿಡಿಸಲು ಹೋದ ನನ್ನ ಕಡೆ ತಿರುಗಿದ ಬಸಣ್ಣ, "ನೀವು ಸುಮ್ಮ ಕುಂದ್ರಿ ಅಧ್ಯಕ್ಷರ. ನಿಮ್ಮ ಗೆರಿ ನೆಲ ಒರೆಸಿದ ನೀರಿನಂಗ ಅದ" ಎಂದ. ಸುಳ್ಳಲ್ಲ. ಅವರ ಬಣ್ಣಗಳ ಕಾಲಡಿಯಲ್ಲಿ ನನ್ನದೊಂದು ಕೆಸರು ದಾರ ತೆವಳುತ್ತಿತ್ತು.

ಎರಡು ಸೋಮವಾರ ಇದೇ ಹಾಡು. ಮೂರನೆಯದಕ್ಕೆ ಮಂಡಳಿ ಒಡೆಯುವುದು ಖಾತ್ರಿ ಎನ್ನಿಸಿ, ಎಲ್ಲರೂ ಹೋದ ಮೇಲೆ ಯಂತ್ರ ಒಯ್ಯಲು ಶಿಲ್ಪಾಗೆ ಹೇಳಿದೆ.

"ಒಯ್ತೀನಿ ದೊಡ್ಡಪ್ಪಾ. ಒಮ್ಮೆ ನೀವು ಒಬ್ರೇ ಹಾಡ್ರಲ್ಲ, ನೋಡೂಣು."

ಹಾಡಿದೆ. ಗದ್ದಲವಿಲ್ಲದ ಗೋಡೆಯಲ್ಲಿ ದಾರ ಕಾಲುವೆಯಾಯಿತು, ಕಾಲುವೆ ಹೊಳೆಯಾಯಿತು, ಕೆಸರು ಬಂಗಾರವಾಗಿ ಛಾವಣಿಯವರೆಗೆ ಏರಿತು. ಯಂತ್ರ ಒಯ್ಯುವ ಮಾತು ಬಿಟ್ಟು ಇನ್ನೊಂದು ಪದ ಎತ್ತಿಕೊಂಡೆ.

ಮುಂದಿನ ಸೋಮವಾರ ಮಂಡಳಿಯ ಮುಂದೆ ಗಂಭೀರವಾಗಿ ತೀರ್ಪು ಓದಿದೆ: ಯಂತ್ರ ಇರತಕ್ಕದ್ದು; ಶಾಂತಿಯ ದೃಷ್ಟಿಯಿಂದ ಇನ್ನು ಒಬ್ಬರೇ ಹಾಡತಕ್ಕದ್ದು. ಆ ಒಬ್ಬರು ಯಾರೆಂದು ಹೇಳಲು ನನಗೆ ಸಂಕೋಚ.

ಈಗ ಜಗಳ ಸಂಪೂರ್ಣ ನಿಂತಿದೆ. ಜಗಳವಾಡುವವರು ಬರುವುದನ್ನೇ ಬಿಟ್ಟಿದ್ದಾರೆ. ಗೋಡೆಯ ತುಂಬ ನಾನೇ ಇದ್ದೇನೆ. ನೋಡಲು ಒಬ್ಬನಾದರೂ ಬಂದಾನೇನೋ ಎಂದು, ಬಾಗಿಲ ಕಡೆ ಕಣ್ಣಿಟ್ಟು ಹಾಡುತ್ತಿರುವುದರಿಂದ, ಆ ಬಂಗಾರವನ್ನು ಈಚೆಗೆ ನಾನೂ ನೋಡಿಲ್ಲ.