ಕೂಸಿಗೆ ಚಡ್ಡಿ ಹಾಕಿ ಎರೆಯುವುದು ಹೇಗೆ?

ಬಂತು! ನಮ್ಮ ವಿಡಿಯೊ ವಾಪಸ್ ಬಂತು! ಮುಂಜಾನೆ ಸೊಸೆ ಮೊಬೈಲ್ ಹಿಡಿದು ಓಡಿ ಬಂದು, "ಅತ್ತಿ, ಯೂಟ್ಯೂಬಿನವರು ತಪ್ಪಿಲ್ಲ ಅಂತ ಬರದಾರ್ರಿ!" ಎಂದಾಗ ನನ್ನ ಕೈಯ ರೊಟ್ಟಿ ಹಂಚಿನ ಮೇಲೆ ಬೀಳುವುದು ಬಿಟ್ಟು ಬೆಕ್ಕಿನ ಮೇಲೆ ಬಿತ್ತು. ಮೂರನೇ ಇಯತ್ತೆಗೆ ಶಾಲೆ ಬಿಟ್ಟ ನಾನು ಪೆನ್ನು ಹಿಡಿದಿದ್ದೇನೆಂದರೆ ಖುಷಿ ಎಷ್ಟಿರಬೇಕು, ನೀವೇ ತಿಳಿದುಕೊಳ್ಳಿ!

ವಿಡಿಯೊದಲ್ಲಿ ಇರುವವಳು ಇಡೀ ಬೆಟಗೇರಿಯಲ್ಲೇ ನಂಬರ್ ಒನ್ ಹಟಮಾರಿ. ಬಾಣಂತಿಯರ ಮನೆಗೆ ಹೋಗಿ ಕೂಸಿಗೆ ಎಣ್ಣೆ ತಿಕ್ಕಿ ಎರೆಯುವುದು ಆಕೆಯ ಕೆಲಸ. ನಮಗೆ ಅಕ್ಕ, ಹುಡುಗರಿಗೆ ಎರಿಯೋ ಆಯಿ. ನಮ್ಮ ಮಗ್ಗದ ಓಣಿಯಲ್ಲಿ ಹುಟ್ಟಿದವರೆಲ್ಲ ಆಕೆಯ ಕಾಲ ಮೇಲೆ ಮಲಗಿ ಕಿರುಚಿದವರೇ. ಮೀಸೆ ಬಂದ ಗಂಡಸರನ್ನೂ ಸಂತೆಯಲ್ಲಿ ತಡೆದು, "ಏನಲೇ, ನಿನ್ನ ಮೂಗ ತಿದ್ದಿದಾಕಿ ನಾನು. ನನಗ ಮಾತಾಡಸದ ಹೊಂಟೀಯಲ್ಲ!" ಎನ್ನುತ್ತಾಳೆ.

ಆಕೆಯ ಕಾನೂನು ಒಂದೇ ಎರಡೇ? ಕೂಸನ್ನು ಚೆಂದ ಅನ್ನಬಾರದು, ದೃಷ್ಟಿಯಾಗುತ್ತದೆ. ನನ್ನ ಮೊಮ್ಮಗನನ್ನು ಮೊದಲ ಸಲ ನೋಡಿ, "ಅಯ್ಯ, ಕಪ್ಪಿಮಾರಿ!" ಅಂದುಬಿಟ್ಟಳು. ಕಪ್ಪೆ ಮುಖವಂತೆ! ಚೊಚ್ಚಲ ಬಾಣಂತಿ ಸೊಸೆ ಅತ್ತೇಬಿಟ್ಟಳು. ಇನ್ನೊಂದು ಕಾನೂನು, ಎರೆದ ಮನೆಯಲ್ಲಿ ಉಣ್ಣಬಾರದು. "ಕೂಸಿನ ಪಾಲು ಉಂಡಂಗ ಆಗತೈತಿ" ಎನ್ನುತ್ತಾಳೆ. ಓಣಿಯಲ್ಲಿ ಆಕೆ ಎರೆಯದ ಮನೆ ಯಾವುದಿದೆ, ಹೇಳಿ? ಹಬ್ಬವಿರಲಿ ಹುಣ್ಣಿಮೆ ಇರಲಿ, ಆಕೆಯದು ಒಬ್ಬಳದೇ ತಾಟು.

ಏಳು ತಿಂಗಳ ಮೊಮ್ಮಗನಿಗೆ ಎರೆಯುವುದನ್ನು ಸೊಸೆ ಮೊಬೈಲಿನಲ್ಲಿ ಹಿಡಿದಳು. ಮುಂಡರಗಿಯಲ್ಲಿರುವ ಸೊಸೆಯ ತಂಗಿ ಬಸುರಿ, ಅವಳೂ ನೋಡಿ ಕಲಿಯಲಿ ಎಂದು ಯೂಟ್ಯೂಬಿಗೆ ಹಾಕುವ ವಿಚಾರ. ಅಕ್ಕ ಒಪ್ಪಿದ್ದು ಒಂದೇ ಷರತ್ತಿನ ಮೇಲೆ: "ಕೂಸಿನ ಮಾರಿ ಕಾಣಬಾರದು!" ಸೊಸೆ ಕೂಸಿನ ಮುಖದ ಮೇಲೆ ಒಂದು ಚೆಂಡು ಹೂವಿನ ಚಿತ್ರ ಕೂರಿಸಿದಳು.

ಎರಡನೇ ದಿನ ವಿಡಿಯೊ ಮಾಯ! ಕೂಸಿನ ಮೈಮೇಲೆ ಬಟ್ಟೆಯಿಲ್ಲ, ಇದು ಮಕ್ಕಳ ಸುರಕ್ಷತೆಗೆ ವಿರುದ್ಧ ಎಂದು ಯೂಟ್ಯೂಬ್ ಕಂಪನಿಯ ನೋಟಿಸು. ಅಕ್ಕ ಬಿದ್ದು ಬಿದ್ದು ನಕ್ಕಳು.

"ಅವರವ್ವ ಅವರಿಗೆ ಚಡ್ಡಿ ಹಾಕಿ ಎರದಿದ್ಲೇನ?"

"ಹಂಗಲ್ರಿ ಆಯಿ, ಕೆಟ್ಟ ಮಂದಿನೂ ನೋಡ್ತಾರಲ್ರಿ. ಅದಕ್ಕ ಕಾಯ್ತಾರ" ಎಂದಳು ಸೊಸೆ.

"ಹಂಗಾರ ಅವರೂ ಕೆಟ್ಟ ಕಣ್ಣಿಗೆ ಅಂಜತಾರ ಅನ್ನು! ನಾವು ಮಾರಿ ಮುಚ್ಚತೀವಿ, ಅವರು ಮಾನ ಮುಚ್ಚತಾರ. ಅದಿರಲಿ, ವಿರುದ್ಧ ಅಂದ್ರೇನ?"

ಸೊಸೆ ಸುಳ್ಳು ಹೇಳಲಾರದವಳು. "ಕೂಸಿಗೆ ಹಾನಿ ಅಂತ್ರಿ" ಎಂದಳು ಮೆಲ್ಲಗೆ. ಅಕ್ಕನ ನಗು ಅಲ್ಲೇ ನಿಂತಿತು.

ಸಮಾಧಾನ ಮಾಡಲು, "ಗೊಂಬಿ ಇಟ್ಟು ಇನ್ನೊಂದು ತಗಿಯೂಣ್ರಿ" ಎಂದಳು ಸೊಸೆ. ಪ್ಲಾಸ್ಟಿಕ್ಕಿಗೆ ಮೈ ಎಲ್ಲಿಂದ ಬರಬೇಕೆಂದು ಅಕ್ಕ ನನ್ನ ಅಡಿಗೆಮನೆಯ ಕುಂಬಳಕಾಯಿಯನ್ನೇ ಎತ್ತಿಕೊಂಡಳು! ಅದನ್ನು ಕಾಲ ಮೇಲೆ ಹಾಕಿಕೊಂಡು, ಎಣ್ಣೆ ತಿಕ್ಕಿ, "ಅಳಬ್ಯಾಡ, ಅಳಬ್ಯಾಡ" ಎನ್ನುತ್ತ ನೀರು ಹಾಕಿದಳು. ನಾವು ಹೊಟ್ಟೆ ಹಿಡಿದು ನಕ್ಕೆವು. ಅಷ್ಟರಲ್ಲಿ ಕಾಯಿ ಆಕೆಯ ಕೈಯಿಂದ ಜಾರಿ ಬಚ್ಚಲಿನ ಕಲ್ಲಿಗೆ ಬಡಿದು ಸೀಳಿತು. ನಮ್ಮ ನಗು ಇನ್ನೂ ನಿಂತಿರಲಿಲ್ಲ.

ಅಕ್ಕ ನಗಲಿಲ್ಲ. ಎರಡೂ ಕೈ ಮುಂದೆ ಚಾಚಿದಳು. ನಡುಗುತ್ತಿದ್ದವು. ಕೆಲವು ತಿಂಗಳಿಂದ ಹೀಗೇ ಅಂತೆ. ಯಾರಿಗೂ ಹೇಳಿರಲಿಲ್ಲ. ಪಕ್ಕದ ಹೊಂಬಳದಿಂದ ಎರೆಯಲು ಕರೆ ಬಂದರೂ ಕಾಲು ನೋವೆಂದು ತಪ್ಪಿಸಿಕೊಂಡಿದ್ದಳು. ನನ್ನ ಮೊಮ್ಮಗನೇ ಆಕೆ ಎರೆದ ಕೊನೆಯ ಕೂಸು.

"ನನ್ನ ಕೈ ನಡಗೂದು ಕಂಪನಿಯವರಿಗೆ ಹೆಂಗ ಗೊತ್ತಾತವಾ?" ಎಂದಳು. ಅವತ್ತಿನಿಂದ ನಮ್ಮ ಮನೆಯ ಹೊಸ್ತಿಲು ತುಳಿಯಲಿಲ್ಲ. ಜೀವಮಾನವೆಲ್ಲ ಕೂಸು ಹಿಡಿದ ಕೈಗೆ ಕೊನೆಗೆ ಇಂಥ ಮಾತು ಉಳಿಯಬೇಕೇ?

ನಾನು ಸೊಸೆಯ ಬೆನ್ನು ಹತ್ತಿದೆ. ಅವಳು ವಿಡಿಯೊದಲ್ಲಿ ಕೂಸಿನ ನಡುವಿನ ಕೆಳಗೆ ಮಸುಕು ಹಚ್ಚಿ, ಮೇಲ್ಮನವಿ ಬರೆದಳು: ಇದು ನಮ್ಮ ಕಡೆಯ ಪದ್ಧತಿ, ಈಕೆ ನಮ್ಮೆಲ್ಲರನ್ನೂ ಬೆಳೆಸಿದ ಹಿರಿಯಳು, ದಯವಿಟ್ಟು ಇನ್ನೊಮ್ಮೆ ನೋಡಿರಿ. ಯಾರೋ ನೋಡಿದ್ದಾರೆ! ಯಾವ ಊರಿನವರೋ, ಯಾವ ತಾಯಿಯ ಮಕ್ಕಳೋ, ಅವರ ಹೊಟ್ಟೆ ತಣ್ಣಗಿರಲಿ. ಕಮೆಂಟ್ ಮಾತ್ರ ಬಂದ್ ಮಾಡಿದ್ದಾರೆ.

ಓಡಿಹೋಗಿ ಅಕ್ಕನಿಗೆ ಖಬರು ಮುಟ್ಟಿಸಿದೆ. "ಕಮೆಂಟ್ ಬಂದ್ ಆಗ್ಯಾವೇನ? ಚಲೋ ಆತು, ದೃಷ್ಟಿ ಆಗೂದಿಲ್ಲ!" ಎಂದಳು. ಆಮೇಲೆ ವಿಡಿಯೊ ನೋಡಿದಳು. ಮೇಲೆ ಚೆಂಡು ಹೂವು, ಕೆಳಗೆ ಮಸುಕು. ನಡುವೆ ಕಾಣುವುದು ಆಕೆಯ ಎರಡು ಕೈ ಮಾತ್ರ. ಮೂರು ಸಲ ನೋಡಿ, ನನ್ನತ್ತ ತಿರುಗಿ, "ಕೂಸು ಹಿಡದಾಗ ನಡಗಿಲ್ಲ ನೋಡು" ಎಂದಳು.

ಸಂಜೆ ಗೋಧಿ ಹುಗ್ಗಿ ಮಾಡಿದೆ. ಕರೆದಿದ್ದೆ, ಬರುತ್ತಾಳೆಂಬ ನಂಬಿಕೆ ಇರಲಿಲ್ಲ. ಎಲ್ಲರೂ ತಾಟಿನ ಮುಂದೆ ಕೂತಾಗ ಅಕ್ಕ ಒಳಗೆ ಬಂದು ನನ್ನ ಮಗ್ಗುಲಲ್ಲಿ ಕೂತಳು.

"ಇನ್ನ ಎರಿಯಾಕ ಬರೂದಿಲ್ಲವಾ ನಾ. ಉಣ್ಣಾಕ ಬಂದೀನಿ."

ಮೊಮ್ಮಗ ಅಂಬೆಗಾಲಿಟ್ಟು ಬಂದು ಆಕೆಯ ತೊಡೆ ಏರಿದ. ಹುಗ್ಗಿ ಹಿಡಿದ ಆ ನಡುಗುವ ಕೈಯನ್ನು ಎರಡೂ ಕೈಯಿಂದ ಹಿಡಿದು ತನ್ನ ಬಾಯಿಗೇ ಎಳೆದುಕೊಂಡ.

"ನೋಡ್ರಿ, ತನ್ನ ಪಾಲು ತಾನ ತಗೊಂಡ ಕಪ್ಪಿಮಾರಿ!" ಎಂದು ಅಕ್ಕ ಉಳಿದ ತುತ್ತನ್ನು ತಾನು ಉಂಡಳು.