ಆರುನೂರ ಹತ್ತು ವರ್ಷದ ತರುಣ

ಕುಷ್ಟಗಿಯ ತಹಸೀಲ್ ಕಚೇರಿಯಲ್ಲಿ ನಾನು ಗುಮಾಸ್ತನಾಗಿದ್ದಷ್ಟು ಕಾಲ, ಹುಟ್ಟಿದ ದಿನ ಸರಿಯಾಗಿ ಗೊತ್ತಿದ್ದವರು ಒಬ್ಬರೂ ನನ್ನ ಮೇಜಿನ ಮುಂದೆ ನಿಂತದ್ದಿಲ್ಲ. ಅದರಲ್ಲೂ ನಿಜಾಮರ ಕಾಲದ ಆ ಒಂದು ಪಾಸ್‌ಪೋರ್ಟಿನ ಗದ್ದಲ ನೆನೆದರೆ ಈಗಲೂ ಒಬ್ಬನೇ ನಗುತ್ತೇನೆ.

ಆಯುಷ್ಯ

ಜವಳಿ ಅಂಗಡಿ ನಡೆಸುತ್ತಿದ್ದ ವಿಧವೆಯೊಬ್ಬರು ಮಗನನ್ನು ಕರೆದುಕೊಂಡು ಬಂದರು. ಅವನಿಗೆ ವಿಲಾಯತಿಯಲ್ಲಿ ನೇಯ್ಗೆ ಯಂತ್ರದ ವಿದ್ಯೆ ಕಲಿಯಲು ಜಾಗ ಸಿಕ್ಕಿತ್ತು. ಮುಂಬಯಿಯಿಂದ ಹಡಗು ಹೊರಡಲು ಒಂದೂವರೆ ತಿಂಗಳಿತ್ತು. ಪಾಸ್‌ಪೋರ್ಟೂ ಬಂದಿತ್ತು. ಆದರೆ ನಮ್ಮ ಶಾಲೆಗಳಲ್ಲಿ ಬರೆಯುತ್ತಿದ್ದದ್ದು ಫಸಲಿ ವರ್ಷ. ಅದು ಇಂಗ್ಲಿಷ್ ವರ್ಷಕ್ಕಿಂತ ಐನೂರ ತೊಂಬತ್ತು ಹಿಂದೆ. ಪಾಸ್‌ಪೋರ್ಟ್ ಬರೆದ ಪುಣ್ಯಾತ್ಮ ಅದನ್ನೇ ಇಂಗ್ಲಿಷ್ ವರ್ಷವೆಂದು ಇಳಿಸಿಬಿಟ್ಟಿದ್ದ.

"ಅವ್ವಾರ, ಇದರ ಪ್ರಕಾರ ನಿಮ್ಮ ಮಗಗ ಆರುನೂರ ಹತ್ತು ವರ್ಷ ಆಗ್ಯಾವ್ರಿ" ಅಂದೆ.

ಮಗನ ಮುಖ ಬಾಡಿತು. ತಾಯಿ ಮಾತ್ರ ಅರಳಿದರು: "ಇಷ್ಟು ಆಯುಷ್ಯ ಐತಿ ಅಂತ ಯಾವ ಜೋಯಿಸನೂ ಹೇಳಿದ್ದಿಲ್ರಿ!"

ಸಾಕ್ಷಿ

ತಿದ್ದಲು ತಹಸೀಲ್ದಾರರ ದಾಖಲೆ ಬೇಕು, ದಾಖಲೆಗೆ ಸಾಕ್ಷಿ ಬೇಕು. ಮಗ ಹುಟ್ಟಿದ್ದು ತಾಯಿಯ ತವರಾದ ಮರಳಿ ಎಂಬ ಹಳ್ಳಿಯಲ್ಲಿ. ಅಲ್ಲಿಂದ ಸೂಲಗಿತ್ತಿ ಅಜ್ಜಿಯನ್ನು ಬಂಡಿ ಕಟ್ಟಿ ಕರೆತಂದರು.

"ಅಜ್ಜೀ, ಇಂವ ಹುಟ್ಟಿದ್ದು ಯಾವಾಗ?" ತಹಸೀಲ್ದಾರರು ಕೇಳಿದರು.

"ನಮ್ಮ ಎಮ್ಮಿ ಈದ ದಿನಾರಿ ಸಾಹೇಬ್ರ."

"ಎಮ್ಮಿ ಈದದ್ದು ಯಾವಾಗ?"

"ಇಂವ ಹುಟ್ಟಿದ ದಿನಾನ!" ಇಷ್ಟು ಸರಳ ವಿಷಯ ಇಂಥ ದೊಡ್ಡ ಸಾಹೇಬರಿಗೆ ತಿಳಿಯದ್ದು ಕಂಡು ಅಜ್ಜಿಗೆ ಕನಿಕರ.

ತಹಸೀಲ್ದಾರರು ನನ್ನ ಕಡೆ ತಿರುಗಿದರು: "ಎಮ್ಮೀದು ಜಾತಕ ಏನರ ಐತೇನು ಕೇಳ್ರಿ!"

ಮಾಸ್ತರರು

ಉಳಿದದ್ದು ಶಾಲೆಯ ದಾಖಲೆ ಪುಸ್ತಕ. ಅದನ್ನು ಬರೆದ ಮಾಸ್ತರರು ನೌಕರಿ ಮುಗಿಸಿ ಯಲಬುರ್ಗಾದಲ್ಲಿದ್ದರು. ಹಡಗಿಗೆ ಇನ್ನು ಇಪ್ಪತ್ತೈದು ದಿನ. ತಾಯಿ ತಾವೇ ಹೋಗಿ ಅವರನ್ನು ಕರೆತಂದರು.

ಮಾಸ್ತರರು ಪುಸ್ತಕವನ್ನು ಕಣ್ಣಿಗೆ ಹತ್ತಿರ ಹಿಡಿದು ನೋಡಿದರು. "ಅಕ್ಷರ ನಂದ ಐತಿ. ವರ್ಷ ಖರೆ, ತಾರೀಖು ಸುಳ್ಳು."

"ಸುಳ್ಳು ಯಾಕ ಬರದ್ರಿ?"

"ತಾರೀಖು ಯಾರಿಗೆ ಗೊತ್ತಿತ್ರಿ? ಸಾಲಿಗೆ ಬಂದ ಹುಡುಗ್ರಿಗೆಲ್ಲಾ ನನ್ನ ಲಗ್ನದ ತಾರೀಖ ಹಾಕತಿದ್ದೆ. ಅದೊಂದ ನೆನಪಿತ್ತು."

ಕಚೇರಿಯೆಲ್ಲ ಗೊಳ್ಳೆಂದಿತು. ತಹಸೀಲ್ದಾರರು ನಗಲಿಲ್ಲ. ಪುಸ್ತಕವನ್ನು ಮತ್ತೊಮ್ಮೆ ನೋಡಿ, "ವರ್ಷ ಸರಿ ಇದ್ರ ಸಾಕು" ಎಂದು ಇಂಗ್ಲಿಷ್ ವರ್ಷ ಬರೆದು ಸಹಿ ಹಾಕಿದರು. ಎರಡು ವಾರದೊಳಗೆ ಪಾಸ್‌ಪೋರ್ಟು ತಿದ್ದಿ ಬಂತು, ಹುಡುಗ ಹಡಗು ಹತ್ತಿದ.

ಆದರೆ ಆ ದಿನ ಸಹಿಯಾಗಿ ಜನ ಹೊರಗೆ ಹೋದಮೇಲೆ ನಡೆದದ್ದನ್ನು ಕಂಡವನು ನಾನೊಬ್ಬನೇ. ತಹಸೀಲ್ದಾರರು ಕುರ್ಚಿ ಬಿಟ್ಟೆದ್ದು ಮಾಸ್ತರರ ಹತ್ತಿರ ಬಂದು ಮೆಲ್ಲಗೆ ಹೇಳಿದರು:

"ಮಾಸ್ತರ, ನಾನೂ ನಿಮ್ಮ ಕೈಯಾಗ ಕಲ್ತಂವ್ರಿ. ನನ್ನ ಹುಟ್ಟಿದ ತಾರೀಖೂ ಅದ ಐತಿ. ಪ್ರತಿ ವರ್ಷಾನೂ ಮನ್ಯಾಗ ಹೋಳಿಗಿ ಮಾಡಿಸಿ, ಆರತಿ ಎತ್ತಿಸ್ಕೋತೀನಿ!"

ಮಾಸ್ತರರು ಅವರ ಬೆನ್ನು ತಟ್ಟಿದರು. "ಬಿಡಬ್ಯಾಡಪಾ ತಮ್ಮಾ, ಮಾಡ್ಸು. ಆದ್ರ ಮುಂದಿನ ವರ್ಷದಿಂದ ನನ್ನೂ ನಿಮ್ಮ ಗುರುಪತ್ನೀನೂ ಕರಿ. ಲಗ್ನ ಆದವರು ನಾವು, ಹೋಳಿಗಿ ಉಂಡಾಂವ ನೀನು!"